‘ಬಿಡ್ತು ಅನ್ನು’ ಅನ್ನೋ ಮನೆಗಳಲ್ಲಿ ಡಿಎನ್‌ಆರ್ ಅಂದ್ರೆ ಏನು?

  ಈ ಸಲದ ಎಪಿಸೋಡ್ ಸ್ವಲ್ಪ ಭಾರ ಇದೆ, ಮೊದಲೇ ಹೇಳ್ಬಿಡ್ತೀನಿ. ನಿಮ್ಮ ಮನೆಯವರು ಯಾರಾದ್ರೂ ಇವತ್ತು ಐಸಿಯುನಲ್ಲಿದ್ರೆ ಬೇಕಾದ್ರೆ ಇದನ್ನ ನಾಳೆ ಓದಿ. ಆದ್ರೆ ಓದಿ.

2022ರ ಆಗಸ್ಟ್. ರಾತ್ರಿ ಒಂದೂಮುಕ್ಕಾಲು. ಬೆಂಗಳೂರಿನ ಒಂದು ಆಸ್ಪತ್ರೆ, ಐಸಿಯು ಹೊರಗಿನ ಸ್ಟೀಲ್ ಕುರ್ಚಿ. ಒಳಗೆ ನಮ್ಮಜ್ಜ. 83 ವರ್ಷ, ತಿಪಟೂರು ಕಡೆಯವರು, ಐವತ್ತು ವರ್ಷ ಬೀಡಿ ಹೊಗೆ ಕುಡಿದ ಶ್ವಾಸಕೋಶ, ಪಂಪಿಂಗ್ ಇಪ್ಪತ್ತು ಪರ್ಸೆಂಟ್‌ಗೆ ಇಳಿದಿದ್ದ ಹಾರ್ಟ್. ಆ ವರ್ಷ ಅದು ನಾಲ್ಕನೇ ಅಡ್ಮಿಶನ್. ಡ್ಯೂಟಿ ಡಾಕ್ಟರ್ ಹೊರಗೆ ಬಂದು “ಅಟೆಂಡರ್ ಯಾರು?” ಅಂದ್ರು. ಅಪ್ಪ ನನ್ನ ಮುಖ ನೋಡಿದ್ರು. ಯಾಕಂದ್ರೆ ಡಾಕ್ಟರ್ ಕೈಯಲ್ಲಿದ್ದ ಫಾರಂ ಇಂಗ್ಲಿಷ್‌ನಲ್ಲಿತ್ತು, ನಮ್ಮ ಮನೆಯಲ್ಲಿ ಇಂಗ್ಲಿಷ್ ಫಾರಂ ತುಂಬೋದು ಯಾವಾಗಲೂ ನಾನೇ. ಬ್ಯಾಂಕಿನದ್ದು, ಗ್ಯಾಸಿನದ್ದು, ಈಗ ಅಜ್ಜಂದು.

“ಡಿಎನ್‌ಆರ್ ಬಗ್ಗೆ ನೀವು ಡಿಸೈಡ್ ಮಾಡ್ಬೇಕು. ಹತ್ತು ನಿಮಿಷ ಬಿಟ್ಟು ಬರ್ತೀನಿ.” ಅಷ್ಟು ಹೇಳಿ ಅವರು ಇನ್ನೊಂದು ಬೆಡ್ ಕಡೆ ಓಡಿದ್ರು. ಅವರನ್ನ ಬೈಯೋಕೆ ನನಗೆ ಮನಸ್ಸಿಲ್ಲ. ಆ ರಾತ್ರಿ ಅವರೊಬ್ಬರೇ ಎಷ್ಟು ಬೆಡ್ ನೋಡ್ತಿದ್ರೋ.

ನಾನು ಬಿ.ಕಾಂ. ಡೆಬಿಟ್ಟು ಕ್ರೆಡಿಟ್ಟು ಗೊತ್ತು, ಇದು ಗೊತ್ತಿರಲಿಲ್ಲ. ಫೋನ್ ತೆಗೆದು ಆ ಪದಗಳನ್ನ ಕನ್ನಡಕ್ಕೆ ಹಾಕಿದ್ರೆ “ಪುನಶ್ಚೇತನಗೊಳಿಸಬೇಡಿ” ಅಂತ ಬಂತು. ಪುನಶ್ಚೇತನ ಅನ್ನೋ ಪದ ನಾನು ಅಲ್ಲಿವರೆಗೂ ಕೇಳಿದ್ದು ಕೆರೆಗಳ ವಿಷಯದಲ್ಲಿ, ನಷ್ಟದಲ್ಲಿರೋ ಕಂಪನಿಗಳ ವಿಷಯದಲ್ಲಿ, ಮೇಷ್ಟ್ರುಗಳ ಪುನಶ್ಚೇತನ ಶಿಬಿರದ ಬ್ಯಾನರ್‌ನಲ್ಲಿ. ಅಪ್ಪನಿಗೆ ಏನಂತ ಹೇಳೋದು? ಚಿಕ್ಕಪ್ಪ ಅರ್ಥ ಮಾಡ್ಕೊಂಡಿದ್ದು ಹೀಗೆ: “ಅಂದ್ರೆ ಏನೂ ಮಾಡಬೇಡಿ ಅಂತ ನಾವೇ ಬರ್ಕೊಡೋದಾ? ನಮ್ಮಪ್ಪನ್ನ ನಾವೇ ಸಾಯ್ಸೋದಾ?”

ಆಮೇಲೆ ಯಾರು ಸೈನ್ ಹಾಕ್ತಾರೆ ಹೇಳಿ.

ಆ ರಾತ್ರಿ ಮುಂದೇನಾಯ್ತು ಅಂತ ಆಮೇಲೆ ಹೇಳ್ತೀನಿ. ಮೊದಲು ಆ ಹತ್ತು ನಿಮಿಷದಲ್ಲಿ ನನಗೆ ಯಾರಾದ್ರೂ ಹೇಳಬೇಕಿತ್ತು ಅನ್ನೋ ಮಾತನ್ನ ಹೇಳ್ಬಿಡ್ತೀನಿ. ಚಿಕ್ಕಪ್ಪ ಅಂದಿದ್ದು ತಪ್ಪು. ಡಿಎನ್‌ಆರ್ ಅಂದ್ರೆ “ಏನೂ ಮಾಡಬೇಡಿ” ಅಲ್ಲ. ಡು ನಾಟ್ ರಿಸಸಿಟೇಟ್. ಹೃದಯ ನಿಂತುಹೋದ್ರೆ, ಉಸಿರು ನಿಂತುಹೋದ್ರೆ, ಅದನ್ನ ಬಲವಂತವಾಗಿ ಮತ್ತೆ ಶುರು ಮಾಡೋ ಪ್ರಯತ್ನ, ಅಂದ್ರೆ ಸಿಪಿಆರ್, ಅದೊಂದನ್ನ ಮಾಡಬೇಡಿ. ಅದೊಂದೇ. ಆಂಟಿಬಯೋಟಿಕ್ ನಡೆಯುತ್ತೆ. ಆಕ್ಸಿಜನ್ ನಡೆಯುತ್ತೆ. ನೋವಿನ ಔಷಧಿ, ಡ್ರಿಪ್, ನರ್ಸ್ ಬಂದು ಮಗ್ಗುಲು ಬದಲಿಸೋದು, ಬಾಯಿ ಒರೆಸೋದು, ಎಲ್ಲಾ ನಡೆಯುತ್ತೆ. ಡಯಾಲಿಸಿಸ್ ಮಾಡ್ತಿದ್ರೆ ಅದೂ ನಡೀಬಹುದು.

ನನ್ನ ಭಾಷೆಯಲ್ಲಿ ಹೇಳೋದಾದ್ರೆ, ನೀವು ಬ್ಯಾಂಕಿಗೆ ಹೋಗಿ ಒಂದು ಚೆಕ್‌ಗೆ ಸ್ಟಾಪ್ ಪೇಮೆಂಟ್ ಕೊಡ್ತೀರಿ. ಆ ನಂಬರಿನ ಚೆಕ್ ಬಂದ್ರೆ ಪಾಸ್ ಮಾಡಬೇಡಿ ಅಂತ. ಅಕೌಂಟ್ ಕ್ಲೋಸ್ ಆಗಲ್ಲ. ಸಂಬಳ ಬರ್ತಿರುತ್ತೆ, ಇಎಂಐ ಹೋಗ್ತಿರುತ್ತೆ. ನಮ್ಮ ಮನೆಯವರು ಅವತ್ತು ಸ್ಟಾಪ್ ಪೇಮೆಂಟ್ ಫಾರಂ ನೋಡಿ ಅಕೌಂಟ್ ಕ್ಲೋಸ್ ಮಾಡೋ ಫಾರಂ ಅಂದ್ಕೊಂಡ್ರು.

ಹಾಗಾದ್ರೆ ಆ ಒಂದು ಚೆಕ್‌ನಲ್ಲಿ ಏನಿದೆ? ಸಿಪಿಆರ್ ಬಗ್ಗೆ ಸ್ವಲ್ಪ ನಿಧಾನವಾಗಿ ಮಾತಾಡೋಣ, ಯಾಕಂದ್ರೆ ನಮ್ಮಲ್ಲಿ ಹೆಚ್ಚಿನವರು ಅದನ್ನ ನೋಡಿರೋದು ಸ್ಕ್ರೀನ್ ಮೇಲೆ ಮಾತ್ರ. ಹೀರೋ ಎದೆ ಮೇಲೆ ನಾಲ್ಕು ಸಲ ಒತ್ತುತ್ತಾನೆ, ಹೀರೋಯಿನ್ ಕೆಮ್ಮುತ್ತಾ ಕಣ್ಣು ಬಿಡ್ತಾಳೆ, ಮಳೆ ಬರುತ್ತೆ. ಅಮೆರಿಕದ ಕೆಲವು ಡಾಕ್ಟರ್‌ಗಳು ಟಿವಿ ಧಾರಾವಾಹಿಗಳಲ್ಲಿ ಸಿಪಿಆರ್ ಹೇಗೆ ತೋರಿಸ್ತಾರೆ ಅಂತ ಕೂತು ಎಣಿಸಿದ್ರು. 1996ರಲ್ಲಿ ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್‌ನಲ್ಲಿ ಅದು ಬಂತು. ಟಿವಿಯಲ್ಲಿ 75 ಪರ್ಸೆಂಟ್ ಜನ ಆ ಕ್ಷಣಕ್ಕೆ ಬದುಕ್ತಿದ್ರು, 67 ಪರ್ಸೆಂಟ್ ಮನೆಗೆ ಹೋಗೋ ಹಾಗೆ ಕಾಣ್ತಿತ್ತು. ನಿಜವಾದ ಆಸ್ಪತ್ರೆಗಳಲ್ಲಿ, ಅದೂ ಅಮೆರಿಕದಂಥ ಕಡೆ, ಆಸ್ಪತ್ರೆ ಒಳಗೇ ಹೃದಯ ನಿಂತವರಲ್ಲಿ ಡಿಸ್ಚಾರ್ಜ್ ಆಗಿ ಹೋಗೋದು ಹೆಚ್ಚುಕಡಿಮೆ ನಾಲ್ಕೈದು ಜನರಲ್ಲಿ ಒಬ್ಬರು. ಅದು ಎಲ್ಲಾ ವಯಸ್ಸಿನವರನ್ನೂ ಸೇರಿಸಿ. ಹರಡಿರೋ ಕ್ಯಾನ್ಸರ್, ಕೊನೇ ಹಂತದ ಹಾರ್ಟ್ ಫೇಲ್ಯೂರ್, ಎರಡು ಮೂರು ಅಂಗಗಳು ಒಟ್ಟಿಗೇ ಕೈಕೊಟ್ಟಿರೋರು ಅಂದ್ರೆ ಆ ಲೆಕ್ಕ ಇನ್ನೂ ತುಂಬಾ ಕೆಳಗಿಳಿಯುತ್ತೆ.

ಮಾಡೋ ಕ್ರಮ ಹೇಗಿರುತ್ತೆ? ದೊಡ್ಡವರಿಗಾದ್ರೆ ಎದೆಯ ಮಧ್ಯದ ಮೂಳೆಯನ್ನ ಐದರಿಂದ ಆರು ಸೆಂಟಿಮೀಟರ್ ಒಳಕ್ಕೆ ಒತ್ತಬೇಕು. ನಿಮಿಷಕ್ಕೆ 100ರಿಂದ 120 ಸಲ. ನಿಮ್ಮ ಫೋನ್ ಅಗಲ ಇದೆಯಲ್ಲ, ಅದಕ್ಕಿಂತ ಸ್ವಲ್ಪವೇ ಕಮ್ಮಿ ಆಳ. ವಯಸ್ಸಾದವರಲ್ಲಿ ಪಕ್ಕೆಲುಬು ಮುರಿಯೋದು ಸಾಮಾನ್ಯ. ಅದು ತಪ್ಪಾಗಿ ಮಾಡಿದ್ದಕ್ಕಲ್ಲ, ಸರಿಯಾಗಿ ಮಾಡಿದ್ರೂ ಮುರಿಯುತ್ತೆ. ಗಂಟಲಿಗೆ ಟ್ಯೂಬ್, ಅಗತ್ಯ ಬಿದ್ರೆ ಶಾಕ್, ಇಂಜೆಕ್ಷನ್ ಮೇಲೆ ಇಂಜೆಕ್ಷನ್. ಹೃದಯ ವಾಪಸ್ ಬಂದ್ರೂ, ರಕ್ತ ಹೋಗದೆ ನಾಲ್ಕೈದು ನಿಮಿಷ ಕಳೆದ್ರೆ ಮೆದುಳಿಗೆ ಪೆಟ್ಟು ಬೀಳೋಕೆ ಶುರುವಾಗುತ್ತೆ. ಹೀಗೆ ವಾಪಸ್ ಬಂದವರಲ್ಲಿ ಎಲ್ಲರೂ ಮೊದಲಿನ ಹಾಗೆ ವಾಪಸ್ ಬರಲ್ಲ.

ಇಲ್ಲಿ ಒಂದು ಬ್ರೇಕ್ ಹಾಕ್ತೀನಿ, ಯಾರೂ ತಪ್ಪು ತಿಳ್ಕೋಬಾರದು. ಸಿಪಿಆರ್ ಕೆಟ್ಟದ್ದು ಅಂತ ನಾನು ಹೇಳ್ತಿಲ್ಲ. ಜಿಮ್‌ನಲ್ಲಿ, ಕ್ರಿಕೆಟ್ ಗ್ರೌಂಡ್‌ನಲ್ಲಿ, ಆಫೀಸ್‌ನಲ್ಲಿ ಯಾರಾದ್ರೂ ದಿಢೀರ್ ಕುಸಿದುಬಿದ್ದು, ಪ್ರಜ್ಞೆ ಇಲ್ಲ, ಉಸಿರಾಟ ಇಲ್ಲ ಅಂದ್ರೆ ಡಿಎನ್‌ಆರ್ ಗಿಎನ್‌ಆರ್ ಅಂತ ಯೋಚನೆ ಮಾಡ್ಬೇಡಿ. 108ಕ್ಕೆ ಕಾಲ್ ಮಾಡ್ಸಿ, ಎದೆ ಒತ್ತೋಕೆ ಶುರು ಮಾಡಿ. 2021ರ ಅಕ್ಟೋಬರ್ 29ರಂದು ಅಪ್ಪು ಹೋದಮೇಲೆ ನಮ್ಮ ಜನರೇಶನ್‌ಗೆ ಈ ವಿಷಯ ಹೊಸದಾಗಿ ಹೇಳಬೇಕಾಗಿಲ್ಲ. ಸಿಪಿಆರ್ ಹುಟ್ಟಿದ್ದೇ ಹೀಗೆ ದಿಢೀರ್ ನಿಂತ ಹೃದಯಕ್ಕೆ, ಇನ್ನೂ ಓಡೋ ಗಾಡಿ ದಾರಿ ಮಧ್ಯ ಆಫ್ ಆದಾಗ ತಳ್ಳಿ ಸ್ಟಾರ್ಟ್ ಮಾಡೋ ಹಾಗೆ. 1960ರಲ್ಲಿ ಅಮೆರಿಕದ ಜಾನ್ಸ್ ಹಾಪ್ಕಿನ್ಸ್‌ನಲ್ಲಿ ಕೌವೆನ್‌ಹೋವನ್, ಜೂಡ್, ನಿಕ್ಕರ್‌ಬಾಕರ್ ಅನ್ನೋ ಮೂವರು, ಎದೆ ಕೊಯ್ಯದೆ ಹೊರಗಿನಿಂದಲೇ ಒತ್ತಿ ರಕ್ತ ಓಡಿಸಬಹುದು ಅಂತ ಬರೆದ್ರು. ನನಗೆ ಇಷ್ಟವಾದ ವಿಷಯ ಏನಂದ್ರೆ, ಆ ಕೌವೆನ್‌ಹೋವನ್ ಡಾಕ್ಟರೇ ಅಲ್ಲ, ಎಲೆಕ್ಟ್ರಿಕಲ್ ಎಂಜಿನಿಯರ್.

ಆಮೇಲಿನ ವರ್ಷಗಳಲ್ಲಿ ಅದು ಆಸ್ಪತ್ರೆಗಳಿಗೆ ಅಭ್ಯಾಸವಾಗಿಬಿಡ್ತು. ಯಾರ ಹೃದಯ ನಿಂತ್ರೂ ಒತ್ತು. ಆದ್ರೆ ಎಲ್ಲರ ಹೃದಯವೂ ಒಂದಿನ ನಿಲ್ಲುತ್ತೆ ತಾನೆ? ತಿಂಗಳುಗಟ್ಟಲೆ ಕಾಯಿಲೆಯಲ್ಲಿ ನರಳಿ, ನಿಧಾನಕ್ಕೆ ಆರಿಹೋಗ್ತಿರೋ ದೇಹಕ್ಕೂ ಅದೇ ಅಲಾರಂ, ಅದೇ ಓಟ. ಹೀಗಾಗಿ 1974ರಲ್ಲಿ ಅಮೆರಿಕನ್ ಮೆಡಿಕಲ್ ಅಸೋಸಿಯೇಷನ್, ಇಂಥವರಿಗೆ ಸಿಪಿಆರ್ ಬೇಡ ಅಂತ ತೀರ್ಮಾನ ಮಾಡಿದ್ರೆ ಅದನ್ನ ಕೇಸ್ ಶೀಟಿನಲ್ಲಿ ಬರೆದಿಡಿ ಅಂತು. ಡಿಎನ್‌ಆರ್ ಅನ್ನೋ ಲಿಖಿತ ಆರ್ಡರ್‌ನ ಕಥೆ ಅಲ್ಲಿಂದ ಶುರು.

ಬರೆದಿಡಿ ಅನ್ನೋದು ಎಷ್ಟು ಮುಖ್ಯ ಅಂತ ಗೊತ್ತಾಗೋಕೆ ಒಂದು ಕಥೆ. ನ್ಯೂಯಾರ್ಕ್‌ನ ಕ್ವೀನ್ಸ್‌ನ ಒಂದು ಆಸ್ಪತ್ರೆಯಲ್ಲಿ ನರ್ಸ್‌ಗಳ ಕಾರ್ಡ್ ಮೇಲೆ ಸಣ್ಣ ನೇರಳೆ ಸ್ಟಿಕ್ಕರ್ ಅಂಟಿಸ್ತಿದ್ರು. ನೇರಳೆ ಚುಕ್ಕೆ ಇದ್ರೆ ಸಿಪಿಆರ್ ಬೇಡ ಅಂತ ಅರ್ಥ. ರೋಗಿ ಸತ್ತಮೇಲೆ ಕಾರ್ಡು ಕಸದ ಬುಟ್ಟಿಗೆ. ಚುಕ್ಕೆ ಯಾರು ಅಂಟಿಸಿದ್ರು, ಯಾರನ್ನ ಕೇಳಿ ಅಂಟಿಸಿದ್ರು, ಯಾವ ದಾಖಲೆಯೂ ಇಲ್ಲ. 1984ರಲ್ಲಿ ಗ್ರ್ಯಾಂಡ್ ಜ್ಯೂರಿ ತನಿಖೆಯಲ್ಲಿ ಇದು ಹೊರಗೆ ಬಂತು. 1987ರಲ್ಲಿ ನ್ಯೂಯಾರ್ಕ್ ರಾಜ್ಯ ಡಿಎನ್‌ಆರ್‌ಗೇ ಅಂತ ಕಾನೂನು ಮಾಡ್ತು. ಕಾನೂನು ಬಂದಮೇಲೆ ಎಲ್ಲಾ ಕಡೆ ಸರಿಹೋಯ್ತು ಅಂತಲ್ಲ. ಕೋವಿಡ್ ಟೈಮಲ್ಲಿ ಇಂಗ್ಲೆಂಡ್‌ನಲ್ಲಿ ವೃದ್ಧಾಶ್ರಮದಲ್ಲಿದ್ದವರಿಗೆ, ಕಲಿಕಾ ತೊಂದರೆ ಇದ್ದವರಿಗೆ ಸಾರಾಸಗಟಾಗಿ ಡಿಎನ್‌ಆರ್ ಹಾಕಿದ್ದಾರೆ ಅಂತ ದೂರು ಬಂದು, ಅಲ್ಲಿನ ಕೇರ್ ಕ್ವಾಲಿಟಿ ಕಮಿಷನ್ 2021ರಲ್ಲಿ ವರದಿ ಕೊಡಬೇಕಾಯ್ತು. ಹಾಗಾಗಿ ಚಿಕ್ಕಪ್ಪನ ಭಯ ಪೂರ್ತಿ ದಡ್ಡತನ ಅಂತ ನಾನು ಹೇಳಲ್ಲ. ಕೇಳದೆ ಹಾಕಿದ ಡಿಎನ್‌ಆರ್‌ಗೆ ಹೆದರೋದು ಸರಿಯೇ.

ಈಗ ಪದದ ಬಳಕೆ ನೋಡೋಣ, ಯಾಕಂದ್ರೆ ವಾರ್ಡಿನಲ್ಲಿ ನಿಮ್ಮ ಕಿವಿಗೆ ಬೀಳೋದು ಪೂರ್ತಿ ವಾಕ್ಯ ಅಲ್ಲ. “ಬೆಡ್ ಸೆವೆನ್ ಡಿಎನ್‌ಆರ್.” ವ್ಯಾಕರಣ ನೋಡಿದ್ರೆ ಮನುಷ್ಯನೇ ಡಿಎನ್‌ಆರ್ ಆಗಿಬಿಟ್ಟಿದ್ದಾನೆ! ನನಗೆ ಈ ಬಳಕೆ ಇಷ್ಟ ಇಲ್ಲ. ಅದು ಆರ್ಡರ್‌ನ ಹೆಸರು, ಆ ಮನುಷ್ಯನದ್ದಲ್ಲ. ಇತ್ತೀಚೆಗೆ ಹಲವರು ಡಿಎನ್‌ಎಆರ್ ಅಂತಾರೆ. ಮಧ್ಯದ ಎ ಅಂದ್ರೆ ಅಟೆಂಪ್ಟ್. ಒಂದಕ್ಷರದ ವ್ಯತ್ಯಾಸ, ಆದ್ರೆ ಅರ್ಥ ನೋಡಿ. ಡಿಎನ್‌ಆರ್ ಅಂದಾಗ “ಬದುಕಿಸಬೇಡಿ” ಅಂತ ಕೇಳಿಸುತ್ತೆ, ಬದುಕಿಸೋದು ಕೈಯಲ್ಲೇ ಇತ್ತು, ಬೇಡ ಅಂದ್ರು ಅನ್ನೋ ಹಾಗೆ. ಡಿಎನ್‌ಎಆರ್ ಅಂದ್ರೆ “ಬದುಕಿಸೋ ಪ್ರಯತ್ನ ಮಾಡಬೇಡಿ”. ಪ್ರಯತ್ನ ಅಂದಮೇಲೆ ಅದು ಆಗದೆಯೂ ಇರಬಹುದು. ಇನ್ನು ಕೆಲವರು ಎಎನ್‌ಡಿ, ಅಲೋ ನ್ಯಾಚುರಲ್ ಡೆತ್ ಅಂತಾರೆ, ಸಹಜ ಸಾವಿಗೆ ಬಿಡಿ ಅಂತ. ಡಿಎನ್‌ಐ ಅಂತ ಕೇಳಿಸಿದ್ರೆ ಅದು ಬೇರೆ. ಗಂಟಲಿಗೆ ಟ್ಯೂಬ್ ಹಾಕಬೇಡಿ ಅಂತ. ಡಿಎನ್‌ಆರ್ ಇದ್ದಮಾತ್ರಕ್ಕೆ ಡಿಎನ್‌ಐ ಇದೆ ಅಂತ ಅಲ್ಲ.

ಕೋಡ್ ಬ್ಲೂ ಅಂದ್ರೆ ಯಾರದ್ದೋ ಹೃದಯ ನಿಂತಿದೆ, ಟೀಮ್ ಓಡಿ ಬನ್ನಿ ಅಂತ. ಹೆಚ್ಚಿನ ಆಸ್ಪತ್ರೆಗಳಲ್ಲಿ ಮೈಕ್‌ನಲ್ಲೇ ಹೇಳ್ತಾರೆ. ಅದರ ಪಕ್ಕದಲ್ಲೇ ಸ್ಲೋ ಕೋಡ್ ಅನ್ನೋದೊಂದು ಪಿಸುಮಾತಿನ ಪದ ಇದೆ. ಮನೆಯವರು “ಎಲ್ಲಾ ಮಾಡಿ” ಅಂದಿರ್ತಾರೆ, ಡಾಕ್ಟರ್‌ಗೆ ಇದರಿಂದ ಉಪಯೋಗ ಇಲ್ಲ ಅಂತ ಗೊತ್ತಿರುತ್ತೆ, ಸುಮ್ನೆ ಹೊರಗಿನವರಿಗೆ ಕಾಣೋ ಹಾಗೆ ನಿಧಾನಕ್ಕೆ ಒತ್ತೋದು. ನಾಟಕ. ವೈದ್ಯಕೀಯ ನೀತಿ ಬಗ್ಗೆ ಬರೆಯೋರಲ್ಲಿ ಹೆಚ್ಚಿನವರು ಇದನ್ನ ಮೋಸ ಅಂತಲೇ ಕರೀತಾರೆ. ನನ್ನ ಪ್ರಕಾರ ಇದು ಎರಡು ಕಡೆಯವರೂ ಮಾತಾಡೋಕೆ ಹೆದರಿದಾಗ ಹುಟ್ಟೋ ಮೋಸ.

ಇನ್ನೊಂದು ಗೊಂದಲ. ನಮ್ಮ ಟಿವಿ ಚಾನೆಲ್‌ಗಳು ಇದೆಲ್ಲವನ್ನೂ “ದಯಾಮರಣ” ಅನ್ನೋ ಒಂದೇ ಚೀಲಕ್ಕೆ ತುಂಬ್ತಾರೆ. ಇಂಜೆಕ್ಷನ್ ಕೊಟ್ಟು ಜೀವ ತೆಗೆಯೋದು ಭಾರತದಲ್ಲಿ ಅಪರಾಧ, ಇವತ್ತಿಗೂ. ಮುಂಬೈನ ಕೆಇಎಂ ಆಸ್ಪತ್ರೆಯಲ್ಲಿ ದಶಕಗಳ ಕಾಲ ಮಲಗಿದ್ದ ನರ್ಸ್ ಅರುಣಾ ಶಾನ್‌ಭಾಗ್ ಪ್ರಕರಣ ಕೇಳಿರ್ತೀರಿ. ನಮ್ಮ ಉತ್ತರ ಕನ್ನಡದ ಹಳದೀಪುರದ ಹೆಣ್ಣುಮಗಳು ಅವರು. 2011ರಲ್ಲಿ ಸುಪ್ರೀಂ ಕೋರ್ಟ್ ಅವರ ವಿಷಯದಲ್ಲಿ ಅನುಮತಿ ಕೊಡಲಿಲ್ಲ, ಆದ್ರೆ ಜೀವರಕ್ಷಕ ಚಿಕಿತ್ಸೆಯನ್ನ ಕೆಲವು ಸಂದರ್ಭಗಳಲ್ಲಿ ನಿಲ್ಲಿಸಬಹುದು ಅಂತ ಮೊದಲ ಸಲ ಬಾಗಿಲು ತೆರೀತು. 2018ರ ಮಾರ್ಚ್ 9ರಂದು ಐದು ಜಡ್ಜ್‌ಗಳ ಪೀಠ, ಘನತೆಯಿಂದ ಸಾಯೋದು ಸಂವಿಧಾನದ 21ನೇ ವಿಧಿಯ ಜೀವಿಸೋ ಹಕ್ಕಿನ ಭಾಗ ಅಂತ ಹೇಳ್ತು. ಕಾಮನ್ ಕಾಸ್ ಅನ್ನೋ ಸಂಸ್ಥೆ ಹಾಕಿದ್ದ ಕೇಸ್ ಅದು. ನನಗೆ ಮುಂದೆ ಮಾತಾಡೋ ಸ್ಥಿತಿ ಇಲ್ಲದಿದ್ರೆ ಯಾವ ಚಿಕಿತ್ಸೆ ಬೇಕು, ಯಾವುದು ಬೇಡ ಅಂತ ಈಗಲೇ ಬರೆದಿಡೋ ಹಕ್ಕು ಅಲ್ಲಿಂದ ನಮಗೆ ಬಂತು. ಲಿವಿಂಗ್ ವಿಲ್ ಅಂತಾರಲ್ಲ, ಅದು.

ಆದ್ರೆ ಡಿಎನ್‌ಆರ್ ಬೇರೆ, ಲಿವಿಂಗ್ ವಿಲ್ ಬೇರೆ. ಲಿವಿಂಗ್ ವಿಲ್ ನೀವು ಬರೆಯೋದು, ಆರೋಗ್ಯವಾಗಿದ್ದಾಗ, ಮನೆಯಲ್ಲಿ ಕೂತು. ಡಿಎನ್‌ಆರ್ ಡಾಕ್ಟರ್ ಬರೆಯೋ ಆರ್ಡರ್, ಆಸ್ಪತ್ರೆಯಲ್ಲಿ, ಒಬ್ಬ ನಿರ್ದಿಷ್ಟ ರೋಗಿಗೆ. ಇದಕ್ಕೆ ನಮ್ಮಲ್ಲಿ ಅಮೆರಿಕದ ಥರ ಪ್ರತ್ಯೇಕ ಕಾಯ್ದೆ ಇಲ್ಲ. 2020ರಲ್ಲಿ ಐಸಿಎಂಆರ್ ಡಿಎನ್‌ಎಆರ್ ಬಗ್ಗೆ ಮಾರ್ಗಸೂಚಿ ತಂತು. ವಾಸಿಯಾಗದ ಕಾಯಿಲೆ ಮುಂದುವರಿದು, ಸಿಪಿಆರ್‌ನಿಂದ ಪ್ರಯೋಜನ ಇಲ್ಲ ಅನ್ನೋ ಸ್ಥಿತಿ ಇದ್ರೆ, ಚಿಕಿತ್ಸೆ ಮಾಡ್ತಿರೋ ಡಾಕ್ಟರ್ ಆ ಮಾತು ಎತ್ತಬೇಕು. ರೋಗಿಗೆ ಅರಿವಿದ್ರೆ ಮೊದಲು ರೋಗಿಯ ಜೊತೆ, ಇಲ್ಲದಿದ್ರೆ ಮನೆಯವರ ಜೊತೆ. ಬರೆದಿಡಬೇಕು. ಉಳಿದ ಚಿಕಿತ್ಸೆ ನಡೀಬೇಕು. ಸ್ಥಿತಿ ಬದಲಾದ್ರೆ ಮತ್ತೆ ಪರಿಶೀಲಿಸಬೇಕು, ಅಂದ್ರೆ ಆರ್ಡರ್ ವಾಪಸ್ ತಗೋಬಹುದು. ಸ್ಟಾಪ್ ಪೇಮೆಂಟ್ ವಾಪಸ್ ತಗೊಂಡ ಹಾಗೆ.

“ಮೊದಲು ರೋಗಿಯ ಜೊತೆ” ಅನ್ನೋದನ್ನ ಗಮನಿಸಿ. ನಮ್ಮಜ್ಜ ಆ ಅಡ್ಮಿಶನ್‌ನ ಮೊದಲ ಮೂರು ದಿನ ಪೂರ್ತಿ ಎಚ್ಚರವಾಗಿದ್ರು. ಕಾಫಿಗೆ ಸಕ್ಕರೆ ಕಮ್ಮಿ ಅಂತ ಕ್ಯಾಂಟೀನ್‌ನವರ ಜೊತೆ ಜಗಳ ಆಡಿದ್ರು. ಯಾರೂ ಅವರನ್ನ ಕೇಳಲಿಲ್ಲ. ಡಾಕ್ಟರೂ ಕೇಳಲಿಲ್ಲ, ನಾವೂ ಕೇಳಲಿಲ್ಲ.

ಬೇರೆ ದೇಶದ ಒಂದು ಘಟನೆ ಇಲ್ಲಿ ನೆನಪಾಗುತ್ತೆ. 2017ರಲ್ಲಿ ಅಮೆರಿಕದ ಮಯಾಮಿಯ ಡಾಕ್ಟರ್‌ಗಳು ಬರೆದದ್ದು. ಎಪ್ಪತ್ತು ವರ್ಷದ ಒಬ್ಬರನ್ನ ಪ್ರಜ್ಞೆ ಇಲ್ಲದೆ ಕರ್ಕೊಂಡು ಬಂದ್ರು, ಜೊತೆಗೆ ಯಾರೂ ಇಲ್ಲ. ಶರ್ಟ್ ತೆಗೆದ್ರೆ ಎದೆ ಮೇಲೆ ಟ್ಯಾಟೂ, “ಡು ನಾಟ್ ರಿಸಸಿಟೇಟ್”, ನಾಟ್ ಅನ್ನೋದಕ್ಕೆ ಅಡಿಗೆರೆ, ಕೆಳಗೆ ಸಹಿ. ಡಾಕ್ಟರ್‌ಗಳು ಮೊದಲು ಅದನ್ನ ನಂಬಲಿಲ್ಲ, ಚಿಕಿತ್ಸೆ ಶುರು ಮಾಡಿದ್ರು. ಆಮೇಲೆ ಎಥಿಕ್ಸ್ ತಂಡ ಅದನ್ನ ಗೌರವಿಸಿ ಅಂತು. ಸ್ವಲ್ಪ ಹೊತ್ತಿಗೆ ಅವರದ್ದೇ ಅಧಿಕೃತ ಡಿಎನ್‌ಆರ್ ಕಾಗದವೂ ಸಿಕ್ತು. ಇದನ್ನ ಕೇಳಿ ಟ್ಯಾಟೂ ಅಂಗಡಿಗೆ ಹೋಗ್ಬೇಡಿ! ಯಾಕಂದ್ರೆ 2012ರಲ್ಲಿ ವರದಿಯಾದ ಇನ್ನೊಬ್ಬರ ಎದೆ ಮೇಲೂ ಡಿ.ಎನ್.ಆರ್. ಅಂತಿತ್ತು. ಕೇಳಿದ್ರೆ, “ಅಯ್ಯೋ, ಅದು ವಯಸ್ಸಿನಲ್ಲಿ ಪೋಕರ್ ಪಂದ್ಯ ಸೋತು ಹಾಕಿಸ್ಕೊಂಡಿದ್ದು, ನನಗೆ ಸಿಪಿಆರ್ ಬೇಕು” ಅನ್ನೋ ಅರ್ಥದ ಮಾತಾಡಿದ್ರಂತೆ. ಅವರಿಗೆ ಎಚ್ಚರ ಇತ್ತು, ಡಾಕ್ಟರ್ ಕೇಳಿದ್ರು, ಬಚಾವ್.

ಕರ್ನಾಟಕದಲ್ಲಿ ಲಿವಿಂಗ್ ವಿಲ್ ಮಾಡೋದು ಹೇಗೆ ಅಂತ ಈಗ. 2018ರ ತೀರ್ಪಿನ ಪ್ರಕಾರ ಮ್ಯಾಜಿಸ್ಟ್ರೇಟ್ ಸಹಿ ಬೇಕಿತ್ತು, ಅದಕ್ಕೇ ಮಾಡಿಸಿದವರು ಕಮ್ಮಿ. 2023ರ ಜನವರಿ 24ರಂದು ಸುಪ್ರೀಂ ಕೋರ್ಟ್ ಅದನ್ನ ಸಡಿಲ ಮಾಡ್ತು. ಈಗ 18 ತುಂಬಿದ, ಬುದ್ಧಿ ಸ್ಥಿಮಿತದಲ್ಲಿರೋ ಯಾರಾದ್ರೂ ಬರೀಬಹುದು. ಇಬ್ಬರು ಸಾಕ್ಷಿಗಳು, ಮತ್ತೆ ನೋಟರಿ ಅಥವಾ ಗೆಜೆಟೆಡ್ ಅಧಿಕಾರಿ ಮುಂದೆ ದೃಢೀಕರಣ. ನೀವು ಮಾತಾಡೋಕೆ ಆಗದಾಗ ನಿಮ್ಮ ಪರವಾಗಿ ಯಾರು ಮಾತಾಡ್ಬೇಕು ಅಂತ ಹೆಸರು ಬರೀಬೇಕು. ನಿಮ್ಮ ಫ್ಯಾಮಿಲಿ ಡಾಕ್ಟರ್ ಇದ್ರೆ ಅವರಿಗೂ ಒಂದು ಕಾಪಿ. ಮನಸ್ಸು ಬದಲಾದ್ರೆ ಯಾವಾಗ ಬೇಕಾದ್ರೂ ಬದಲಾಯಿಸಬಹುದು. ಅದನ್ನ ಜಾರಿ ಮಾಡೋ ಟೈಮ್ ಬಂದಾಗ ಆಸ್ಪತ್ರೆಯಲ್ಲಿ ಮೂವರು ಡಾಕ್ಟರ್‌ಗಳ ಪ್ರಾಥಮಿಕ ಮಂಡಳಿ ನೋಡುತ್ತೆ, ಆಮೇಲೆ ಇನ್ನೊಂದು ಮೂವರ ಮಂಡಳಿ. ಒಬ್ಬ ಡಾಕ್ಟರ್ ಒಂದು ರಾತ್ರಿ ಒಬ್ಬನೇ ಕೂತು ತೀರ್ಮಾನ ಮಾಡೋ ವಿಷಯ ಅಲ್ಲ ಅದು.

2025ರ ಜನವರಿ 30ರಂದು ನಮ್ಮ ರಾಜ್ಯದ ಆರೋಗ್ಯ ಇಲಾಖೆ ಇದನ್ನ ಆಸ್ಪತ್ರೆಗಳಲ್ಲಿ ಜಾರಿಗೆ ತರೋಕೆ ಸುತ್ತೋಲೆ ಹೊರಡಿಸ್ತು. ಎರಡನೇ ಮಂಡಳಿಗೆ ಡಾಕ್ಟರ್‌ಗಳನ್ನ ಹೆಸರಿಸೋ ಕೆಲಸದಲ್ಲಿ ಜಿಲ್ಲಾ ಆರೋಗ್ಯ ಅಧಿಕಾರಿಗಳಿಗೆ ಜವಾಬ್ದಾರಿ ಕೊಡ್ತು. ಆರೋಗ್ಯ ಸಚಿವ ದಿನೇಶ್ ಗುಂಡೂರಾವ್ ಇದನ್ನ ದಯಾಮರಣದ ಜೊತೆ ಕಲಸಬೇಡಿ ಅಂತಲೂ ಹೇಳಿದ್ರು. ಅವತ್ತು ಸಂಜೆ ಎಷ್ಟೋ ಜನರ ವಾಟ್ಸಾಪ್ ಸ್ಟೇಟಸ್‌ನಲ್ಲಿ ಇದ್ದದ್ದು ಆ ಪದವೇ.

ಇದೆಲ್ಲ ಕಾಗದದ ಮೇಲೆ. ನೆಲದ ಮೇಲೆ ಏನಾಗುತ್ತೆ ಅಂತ ನಿಮಗೂ ಗೊತ್ತು. ಖರ್ಚು ಕೈ ಮೀರಿದಾಗ ಅಥವಾ ಇನ್ನು ಸಾಕು ಅನ್ನಿಸಿದಾಗ ಜನ ಕೇಸ್ ಶೀಟಿನಲ್ಲಿ ಲಾಮಾ ಅಂತ ಬರೆಸಿಕೊಂಡು ಹೊರಡ್ತಾರೆ. ವೈದ್ಯರ ಸಲಹೆಗೆ ವಿರುದ್ಧವಾಗಿ ಕರ್ಕೊಂಡು ಹೋಗ್ತಿದ್ದೀವಿ ಅಂತ ಅರ್ಥ. ಆಂಬುಲೆನ್ಸ್‌ನಲ್ಲಿ ಊರು ತಲುಪೋದರೊಳಗೆ ಎಷ್ಟೋ ಜೀವ ಹೋಗುತ್ತೆ. ಮನೆಯಲ್ಲಿ ನೋವಿಗೆ ಔಷಧಿ ಇಲ್ಲ, ಉಸಿರುಗಟ್ಟಿದ್ರೆ ಏನು ಮಾಡಬೇಕು ಅಂತ ಹೇಳೋರಿಲ್ಲ. ಡಿಎನ್‌ಆರ್ ಬಗ್ಗೆ ಮಾತಾಡೋಕೆ ಹೆದರಿದವರು ಅದಕ್ಕಿಂತ ಒರಟಾದ ದಾರಿ ಹಿಡೀತಾರೆ. ಡಿಎನ್‌ಆರ್ ಇದ್ರೆ ಕೊನೇ ಪಕ್ಷ ನರ್ಸ್ ಪಕ್ಕದಲ್ಲಿರ್ತಾರೆ, ಮಾರ್ಫಿನ್ ಇರುತ್ತೆ.

ಸರಿ, ಆ ರಾತ್ರಿ.

ಡಾಕ್ಟರ್ ವಾಪಸ್ ಬಂದಾಗ ನಾನು ಒಂದೇ ಪ್ರಶ್ನೆ ಕೇಳಿದೆ. “ಸೈನ್ ಹಾಕಿದ್ರೆ ಟ್ರೀಟ್‌ಮೆಂಟ್ ನಿಲ್ಲಿಸ್ತೀರಾ?” ಅವರು “ಇಲ್ಲ ಮ್ಯಾಮ್, ಹಾಗಲ್ಲ” ಅಂದ್ರು. ಅಷ್ಟರಲ್ಲಿ ಒಳಗಿಂದ ಕರೆದ್ರು, ಹೋದ್ರು. ‘ಹಾಗಲ್ಲ’ ಆದಮೇಲೆ ‘ಹೀಗೆ’ ಅನ್ನೋದು ಬರಲೇ ಇಲ್ಲ. ಚಿಕ್ಕಪ್ಪ ನನ್ನ ಕೈಯಿಂದ ಪೆನ್ ತಗೊಂಡು, ಎಲ್ಲಾ ಪ್ರಯತ್ನ ಮಾಡಿ ಅಂತ ಕನ್ನಡದಲ್ಲೇ ಬರೆದು ಸಹಿ ಹಾಕಿದ್ರು. ಅಪ್ಪ ಸುಮ್ಮನಿದ್ರು. ನಾನೂ ಸುಮ್ಮನಿದ್ದೆ.

ಬೆಳಗಿನ ಜಾವ ನಾಲ್ಕಕ್ಕೆ ಅಜ್ಜನ ಹೃದಯ ನಿಂತಿತು. ಬಾಗಿಲಿನ ಗಾಜಿನಲ್ಲಿ ಅರ್ಧ ಪರದೆ ಸರಿದಿತ್ತು. ಒಬ್ಬ ಹುಡುಗ, ನನ್ನ ವಯಸ್ಸಿರಬೇಕು, ಸ್ಟೂಲ್ ಮೇಲೆ ನಿಂತು ಒತ್ತುತ್ತಿದ್ದ. ಸುಸ್ತಾದಾಗ ಇನ್ನೊಬ್ಬಳು. ಇಪ್ಪತ್ತು ನಿಮಿಷದ ಮೇಲೆ ಆಯ್ತು. ಹೃದಯ ವಾಪಸ್ ಬಂತು. ಚಿಕ್ಕಪ್ಪ ಕೈ ಮುಗಿದು ಅತ್ತುಬಿಟ್ರು, ನಾನೂ ಅತ್ತೆ, ಖುಷಿಗೆ. ಆಮೇಲೆ ಅಜ್ಜ ವೆಂಟಿಲೇಟರ್ ಮೇಲೆ ಮೂರು ದಿನ ಇದ್ರು. ಕಣ್ಣು ಬಿಡಲಿಲ್ಲ. ಎದೆ ಮೇಲೆ ಅಂಗೈ ಅಗಲ ನೀಲಿಗಟ್ಟಿತ್ತು, ಅಮ್ಮ ಅದನ್ನ ನೋಡಿ ಹೊರಗೆ ಹೋಗಿ ಕೂತವರು ಮತ್ತೆ ಒಳಗೆ ಬರಲಿಲ್ಲ. ಮೂರನೇ ದಿನ ಸಂಜೆ ಮತ್ತೆ ನಿಂತಾಗ, ಬೇರೆ ಡಾಕ್ಟರ್ ಇದ್ರು. ಅವರು ಅದಕ್ಕೂ ಮೊದಲೇ ಮಧ್ಯಾಹ್ನ ಅಪ್ಪನನ್ನೂ ಚಿಕ್ಕಪ್ಪನನ್ನೂ ಕೂರಿಸ್ಕೊಂಡು, ಕನ್ನಡದಲ್ಲಿ, ಇಪ್ಪತ್ತು ನಿಮಿಷ ಮಾತಾಡಿದ್ರು. “ನಾವು ಯಾವ ಔಷಧಿನೂ ನಿಲ್ಲಿಸಲ್ಲ. ಹೃದಯ ತಾನಾಗೇ ನಿಂತ್ರೆ ಮತ್ತೆ ಎದೆ ಒತ್ತಲ್ಲ, ಅಷ್ಟೇ.” ಇಷ್ಟೇ ವಾಕ್ಯ. ಚಿಕ್ಕಪ್ಪ ತಲೆ ಆಡಿಸಿದ್ರು. ಆ ವಾಕ್ಯ ಮೊದಲ ರಾತ್ರಿ ಬಂದಿದ್ರೆ ಅವರು ಏನ್ ಬರೀತಿದ್ರೋ ನನಗೆ ಗೊತ್ತಿಲ್ಲ. ಬರೆಯೋಕೆ ಮೊದಲು ಅರ್ಥವಾದ್ರೂ ಆಗಿರ್ತಿತ್ತು.

ಇನ್ನೊಂದು ವಿಷಯ ಹೇಳದೆ ಇದನ್ನ ಮುಗಿಸೋಕೆ ಆಗಲ್ಲ. ಆ ವರ್ಷ ಯುಗಾದಿಗೆ ಊರಿಗೆ ಹೋದಾಗ ಅಜ್ಜ ಜಗಲಿ ಮೇಲೆ ಕೂತು, ತೆಂಗಿನಕಾಯಿ ಸುಲೀತಾ, ಎಲ್ಲರಿಗೂ ಕೇಳಿಸೋ ಹಾಗೆ ಹೇಳಿದ್ರು: “ನನ್ನ ಟೈಮ್ ಬಂದಾಗ ಪೈಪುಗೀಪು ಹಾಕ್ಬಿಟ್ಟು ಮಲಗಿಸ್ಬೇಡ್ರೋ.” ಹಬ್ಬದ ದಿನ. ಅಜ್ಜಿ ಒಳಗಿಂದಲೇ “ಬಿಡ್ತು ಅನ್ನಿ!” ಅಂದ್ರು. ಅಜ್ಜ ನಗ್ತಾ “ಬಿಡ್ತು” ಅಂದ್ರು. ನಾವೆಲ್ಲ ಹೋಳಿಗೆಗೆ ಕೂತ್ವಿ. ಸ್ಟೀಲ್ ಕುರ್ಚಿ ಮೇಲೆ ಕೂತಿದ್ದಾಗ ಈ ಮಾತು ನನಗೆ ನೆನಪಿತ್ತು. ಅಪ್ಪನಿಗೂ ನೆನಪಿತ್ತು ಅಂತ ಆಮೇಲೆ ಗೊತ್ತಾಯ್ತು. ಇಬ್ಬರೂ ಹೇಳಲಿಲ್ಲ.

ಹಾಗಾಗಿ ನಿಮಗೆ ಯಾವತ್ತಾದ್ರೂ ಆ ಫಾರಂ ಕೈಗೆ ಬಂದ್ರೆ ಡಾಕ್ಟರನ್ನ ತಡೆದು ನಿಲ್ಲಿಸಿ ಕೇಳಿ. ಸಿಪಿಆರ್ ಮಾಡಿದ್ರೆ ಇವರು ವಾಪಸ್ ಬರೋ ಸಾಧ್ಯತೆ ಎಷ್ಟು, ಬಂದ್ರೆ ಯಾವ ಸ್ಥಿತಿಯಲ್ಲಿ? ಸೈನ್ ಹಾಕಿದ್ರೆ ಯಾವುದು ಮಾತ್ರ ನಿಲ್ಲುತ್ತೆ, ವೆಂಟಿಲೇಟರ್ ಇದರಲ್ಲಿ ಸೇರಿದೆಯಾ? ಉಸಿರು ಕಟ್ಟಿದ ಹಾಗಾದ್ರೆ, ನೋವಾದ್ರೆ ಏನು ಕೊಡ್ತೀರಿ? ನಾಳೆ ಬದಲಾಯಿಸಬಹುದಾ? ಕನ್ನಡದಲ್ಲೇ ಕೇಳಿ. ಕನ್ನಡದಲ್ಲೇ ಉತ್ತರ ಕೇಳಿ. ಅರ್ಥ ಆಗದೆ ಯಾವ ಕಡೆಗೂ ಸೈನ್ ಹಾಕ್ಬೇಡಿ, “ಎಲ್ಲಾ ಮಾಡಿ” ಅನ್ನೋದಕ್ಕೂ. ರೋಗಿ ಎಚ್ಚರ ಇದ್ರೆ ಅವರನ್ನ ಕೇಳಿ, ಅವರ ಹೆಸರಿನ ಫಾರಂ ಅದು.

ಈ ಎಪಿಸೋಡ್‌ಗೆ ಸ್ಕ್ರಿಪ್ಟ್ ಬರೀತಿದ್ದಾಗ ಅಮ್ಮನನ್ನೂ ಕೇಳ್ದೆ. ಅಮ್ಮನಿಗೆ 54, ಶುಗರ್ ಬಿಟ್ರೆ ಆರಾಮಾಗಿದ್ದಾರೆ. “ನಿನಗೇನಾದ್ರೂ ಆದ್ರೆ ಏನ್ ಮಾಡ್ಬೇಕಮ್ಮ?” ಅಂದೆ. ನಿರೀಕ್ಷೆ ಮಾಡಿದ ಹಾಗೇ “ಬಿಡ್ತು ಅನ್ನೇ” ಅಂದು ಅಡುಗೆಮನೆಗೆ ಹೋದ್ರು. ನಾನು ಬಿಡ್ತು ಅನ್ನಲಿಲ್ಲ. ಅರ್ಧ ಗಂಟೆ ಬಿಟ್ಟು ಸೊಪ್ಪಿನ ತಟ್ಟೆ ಹಿಡ್ಕೊಂಡು ಬಂದು ಪಕ್ಕ ಕೂತ್ರು. “ಪೈಪು ಹಾಕಿದ್ರೆ ಹಾಕ್ಲಿ. ಹತ್ತು ದಿನ ನೋಡಿ. ನಿಮ್ಮನ್ನ ಗುರುತು ಹಿಡಿಯೋ ಹಾಗೆ ಆಗಲ್ಲ ಅಂತ ಡಾಕ್ಟ್ರು ಅಂದ್ರೆ ಮನೆಗೆ ಕರ್ಕೊಂಡು ಬನ್ನಿ. ಎದೆ ಮಾತ್ರ ಒತ್ತಿಸ್ಬೇಡ. ನಿಮ್ಮಜ್ಜನ ಎದೆ ನೋಡಿದೀನಿ.” ಅದನ್ನ ಫೋನಿನಲ್ಲಿ ನೋಟ್ ಮಾಡ್ಕೊಂಡೆ. ನೋಟರಿ ಹತ್ರ ಹೋಗೋದು ಇನ್ನೂ ಬಾಕಿ ಇದೆ, ಮಂಗಳವಾರ ಬೇಡ ಅಂದಿದ್ದಾರೆ.

ಮುಂದಿನ ವಾರ ಹೆಲ್ತ್ ಇನ್ಶೂರೆನ್ಸ್‌ನ ರೂಮ್ ರೆಂಟ್ ಲಿಮಿಟ್ ಬಗ್ಗೆ. ಅದು ನನ್ನ ಏರಿಯಾ, ಅಲ್ಲಿ ಇಷ್ಟು ತಡವರಿಸಲ್ಲ. ನಿಮ್ಮ ಮನೆಯಲ್ಲಿ ಈ ಮಾತು ಎತ್ತಿದಾಗ ಯಾರು ಏನಂದ್ರು ಅಂತ ವಾಯ್ಸ್ ನೋಟ್ ಕಳಿಸಿ, ಹೆಸರು ಹೇಳೋದು ಬೇಡ ಅಂದ್ರೆ ಹೇಳಲ್ಲ.